ಲಕೋಟೆ ತಾತನ ಹನ್ನೆರಡನೇ ಸಹಿ

ನಮ್ಮ ಮೇಲಿನ ಮನೆಯ ಯಜಮಾನರನ್ನು ಕಟ್ಟಡದ ಮಕ್ಕಳೆಲ್ಲ ಲಕೋಟೆ ತಾತ ಎಂದೇ ಕರೆಯುತ್ತಾರೆ. ಅಂಚೆ ಕಚೇರಿಯಲ್ಲಿ ಮೂವತ್ತೈದು ವರ್ಷ ಪತ್ರ ವಿಂಗಡಿಸಿದವರು. ಸರ್ಕಾರದ ವಿರುದ್ಧ ಬಾಯಿ ಬಿಟ್ಟವರನ್ನೆಲ್ಲ ಒಳಗೆ ಹಾಕುತ್ತಿದ್ದ ಆ ಎರಡು ವರ್ಷ ಮಾತ್ರ ಅವರಿಗೆ ಬೇರೆ ಕೆಲಸವಿತ್ತು: ಕುದಿಯುವ ಕೆಟಲಿನ ಮೇಲೆ ಜನರ ಲಕೋಟೆ ಹಿಡಿದು ಬಿಚ್ಚುವುದು, ಓದಿ ಹೆಸರು ಬರೆದುಕೊಳ್ಳುವುದು, ಮತ್ತೆ ಅಂಟಿಸುವುದು. ಈ ಘನಕಾರ್ಯವನ್ನು ಇಂದಿಗೂ ಪದಕ ತೋರಿಸುವ ಹಾಗೆ ಹೇಳಿಕೊಳ್ಳುತ್ತಾರೆ.

ಈಗ ಕೆಟಲಿನ ಬದಲು ಫೋನು. ಕಟ್ಟಡದ ವಾಟ್ಸಾಪ್ ಗುಂಪಿನಲ್ಲಿ ಯಾರು ಯಾವ ಪಕ್ಷದ ವಿಡಿಯೋ ಹಾಕಿದರು, ಯಾರು ಅದಕ್ಕೆ ಲೈಕ್ ಒತ್ತಿದರು, ಎಲ್ಲದರ ಸ್ಕ್ರೀನ್‌ಶಾಟ್ ಅವರ ಹತ್ತಿರ. ಹೋದ ವಾರ ಕೆಳಮನೆಯ ಆಂಟಿ ಸಿಕ್ಕಿಬಿದ್ದರು. ನಾನು ಕೆಲಸಕ್ಕೆ ಹೋದಾಗ ನನ್ನ ಎಂಟು ತಿಂಗಳ ಮಗಳನ್ನು ನೋಡಿಕೊಳ್ಳುವವರು ಅವರೇ. ಯಾವುದೋ ಭಾಷಣದ ಕೆಳಗೆ 'ಸರಿಯಾಗಿ ಹೇಳಿದರು' ಎಂದು ಬರೆದಿದ್ದರು, ಅಷ್ಟೆ. ಉಳಿದ ಹನ್ನೆರಡೂ ಮನೆಯವರು ಸಹಿ ಹಾಕಿದರೆ ಆಂಟಿಯ ಮನೆ ಖಾಲಿ ಮಾಡಿಸುತ್ತೇನೆಂದು ಕಟ್ಟಡದ ಮಾಲೀಕರು ಹೇಳಿದರಂತೆ.

ಭಾನುವಾರ ಬೆಳಿಗ್ಗೆ ಪಾಪುವಿನ ಹಾಲಿನ ಬಾಟಲಿಗಳನ್ನು ಆವಿಗಿಟ್ಟಿದ್ದೆ. ತಾತ ಹಾಳೆ ಹಿಡಿದು ಬಂದರು, ಹಿಂದೆಯೇ ಅವರ ಹೆಂಡತಿ, ನಮಗೆಲ್ಲ ಅಜ್ಜಿ.

"ಇಷ್ಟೊಂದು ಆವಿ ಇರಬಾರದಮ್ಮಾ, ಲಕೋಟೆ ಗೋಂದು ಹರಡುತ್ತೆ," ಎಂದು ತಮ್ಮ ಜೋಕಿಗೆ ತಾವೇ ನಕ್ಕರು. "ಹನ್ನೊಂದು ಸಹಿ ಬಿದ್ದಾಯ್ತು. ನಿಂದೊಂದೇ ಬಾಕಿ."

"ಪಾಪುನ ಯಾರು ನೋಡ್ಕೋತಾರೆ ತಾತ?"

"ಅಂಥವಳ ಕೈಗೆ ಮಗು ಕೊಡ್ತೀಯಲ್ಲ, ನಿನ್ನ ಮೇಲೂ ಜನ ಮಾತಾಡ್ತಿದ್ದಾರೆ."

ಮಗು ಒಂದು ಸಲ ಸೀನಿದರೆ ಹತ್ತು ಸಲ ಜ್ವರ ನೋಡುವವಳು ನಾನು. ಹೆದರಿ ಪೆನ್ನು ತೆಗೆದುಕೊಂಡೂ ಬಿಟ್ಟೆ.

ಪಾಪುವನ್ನು ಎತ್ತಿಕೊಂಡಿದ್ದ ಅಜ್ಜಿ ತಣ್ಣಗೆ ಅಂದರು, "ಹಾಕು, ಹಾಕು. ನಮ್ಮಣ್ಣ ನಂಗೆ ಬರೆದ ಕಾಗದಾನೂ ಇವ್ರು ಬಿಚ್ಚಿ ಓದಿ, ಹೀಗೇ ಸಾಹೇಬರ ಹತ್ರ ಹಿಡ್ಕೊಂಡು ಹೋಗಿದ್ರು. ಹದಿನಾಲ್ಕು ತಿಂಗಳು ಒಳಗಿದ್ದು ಬಂದ. ಆಮೇಲೆ ನಮ್ಮನೆ ಹೊಸ್ತಿಲು ತುಳೀಲಿಲ್ಲ."

"ಆ ಕಾಲ ಬೇರೆ ಕಣೇ. ಮೇಲಿನವರು ಹೇಳಿದ್ರು, ಮಾಡಿದೆ."

"ಈಗ ಯಾರು ಹೇಳಿದ್ರು?"

ತಾತ ಹಾಳೆಯ ಮಡಿಕೆ ಸರಿಮಾಡುತ್ತ ನಿಂತರು. ಅಂದು ಸಂಬಳಕ್ಕೆ ಮಾಡಿದ ಹೊಲಸನ್ನು ಇಂದು ಪುಕ್ಕಟೆ ಮಾಡುತ್ತಿದ್ದಾರೆ. ಇಷ್ಟು ವರ್ಷದಲ್ಲಿ ಅವರಿಗೆ ಸಿಕ್ಕಿರುವ ಬಡ್ತಿ ಅದೊಂದೇ.

ಪೆನ್ನು ವಾಪಸ್ ಕೊಟ್ಟೆ. ಧೈರ್ಯ ಅಂತ ಯಾರೂ ಹೊಗಳಬೇಡಿ, ಆವಿಗಿಟ್ಟ ಬಾಟಲಿ ಇಳಿಸಲು ಕೈ ಖಾಲಿ ಬೇಕಿತ್ತು.

ಸೋಮವಾರ ಲಿಫ್ಟಿನ ಪಕ್ಕ ಹೊಸ ಹಾಳೆ ಅಂಟಿಸಿತ್ತು, ಒಂದು ಮೂಲೆಯೂ ಏಳದಷ್ಟು ಅಚ್ಚುಕಟ್ಟಾಗಿ. ಖಾಲಿ ಮಾಡಬೇಕಾದ ಮನೆಗಳು: ಮೊದಲು ಆಂಟಿಯದು, ಕೆಳಗೆ ನನ್ನದು. ಸಹಿ ಸದ್ಯಕ್ಕೆ ಒಂದೇ, ತಾತನದೇ. ನಾನು ಪಾಪುವನ್ನು ಆಂಟಿಯ ಕೈಗೆ ಕೊಟ್ಟು, ಎರಡು ಸಲ ತಿರುಗಿ ನೋಡಿ, ಬಸ್ಸಿಗೆ ಓಡಿದೆ.