ಮಿಲಿಟ್ರಿ ಆನಂದಪ್ಪ ಹೊಡೆದದ್ದು

ರಾಜಾನುಕುಂಟೆಯಲ್ಲಿ ಬರೀ ಆನಂದಪ್ಪ ಅಂದರೆ ಮೂವರು ಸಿಗುತ್ತಾರೆ. ಮಿಲಿಟ್ರಿ ಆನಂದಪ್ಪ ಅಂದರೆ ಒಬ್ಬನೇ. ಹದಿನೇಳು ವರ್ಷ ಸೈನ್ಯದಲ್ಲಿದ್ದು ಬಂದವನು. ಆ ಹದಿನೇಳರಲ್ಲಿ ಹೆಚ್ಚುಕಾಲ ತಾನು ಮಾಡಿದ್ದು ಮರಳಿನ ಮೂಟೆ ಜೋಡಿಸೋದು, ಆಲೂಗಡ್ಡೆ ಸಿಪ್ಪೆ ಸುಲಿಯೋದು, ಕೊರೆಯುವ ಚಳಿಯಲ್ಲಿ ನಿಂತು ಯಾವಾಗ ಊಟದ ಗಂಟೆ ಅಂತ ಕಾಯೋದು ಅನ್ನುವುದು ಅವನಿಗೊಬ್ಬನಿಗೇ ಗೊತ್ತು. ಊರಿಗೆ ಗೊತ್ತಿದ್ದದ್ದು ಬೇರೆ. ಊರಿನ ಪ್ರಕಾರ ಅವನು ಕಾಶ್ಮೀರದಲ್ಲಿ ಟೆರರಿಸ್ಟ್ ಹೊಡೆದು ಬಂದವನು.

ಅವನು ಸುಳ್ಳು ಹೇಳಿದ್ದೇನಲ್ಲ. ಇಪ್ಪತ್ತಮೂರು ವರ್ಷದ ಹಿಂದೆ ರಜಕ್ಕೆ ಬಂದಾಗ ಅಪ್ಪ ಮುನಿವೆಂಕಟಯ್ಯ ಟೀ ಅಂಗಡಿಯಲ್ಲಿ ನಾಲ್ಕು ಜನರ ಮುಂದೆ, "ಅಲ್ಲಿ ಏನಾದ್ರೂ ಒಡ್ದೇನ್ಲಾ?" ಅಂತ ಕೇಳಿದ್ದ. ಆನಂದಪ್ಪ ಟೀ ಲೋಟ ನೋಡುತ್ತಾ, "ಒಂದು," ಅಂದಿದ್ದ. ಅಷ್ಟೇ. ಒಂದು ಏನು ಅಂತ ಅಪ್ಪ ಕೇಳಲಿಲ್ಲ, ಇವನೂ ಬಿಡಿಸಿ ಹೇಳಲಿಲ್ಲ. ಆ ಒಂದಕ್ಕೆ ಗಡ್ಡ ಬೆಳೆಸಿದ್ದು ಊರು. ಕೈಗೆ ಬಂದೂಕು ಕೊಟ್ಟಿದ್ದೂ ಊರೇ. ನಿವೃತ್ತಿಯಾಗಿ ಬರೋ ಹೊತ್ತಿಗೆ ಆ ಒಂದು ಮೂರಾಗಿತ್ತು. ಊರಿನ ಸರ್ಕಾರಿ ಶಾಲೆಯವರು ಆಗಸ್ಟ್ ಹದಿನೈದಕ್ಕೆ ಕರೆದು ಶಾಲು ಹೊದಿಸಿ ಮೈಕು ಕೊಟ್ಟರು. ಮೈಕು ಕೈಗೆ ಬಂದಮೇಲೆ ಆನಂದಪ್ಪನೂ ಊರಿನ ಕತೆಯನ್ನೇ ಹೇಳಿದ. ಹದಿನೆಂಟು ವರ್ಷ ಹೇಳಿದ. ಮಕ್ಕಳು ಚಪ್ಪಾಳೆ ತಟ್ಟಿದಾಗ ತನ್ನ ಧೈರ್ಯಕ್ಕೆ ತಾನೇ ಬೆರಗಾಗುತ್ತಿದ್ದ.

ಹೋದ ವರ್ಷ ಜೂನಿನಲ್ಲಿ ಅವನ ಎಚ್ಚೆಫ್ ಹಸು ಮೇವು ಬಿಟ್ಟಿತು. ಮನೆ ಹಿಂದಿನ ಮದುವೆ ಛತ್ರದವರು ಬಿಸಾಡಿದ ಎಂಜಲೆಲೆಯ ಜೊತೆ ಪ್ಲಾಸ್ಟಿಕ್ ಕವರುಗಳನ್ನೂ ತಿಂದಿತ್ತು. ಹಸುವನ್ನು ಟೆಂಪೋಗೆ ಹತ್ತಿಸಿಕೊಂಡು ಹೆಬ್ಬಾಳದ ದನದ ಆಸ್ಪತ್ರೆಗೆ ಹೋದ. ಡಾಕ್ಟರು ಹಸುವನ್ನು ನಿಲ್ಲಿಸಿಕೊಂಡೇ ಎಡ ಪಕ್ಕೆ ಕುಯ್ದು ಎರಡು ಬಕೆಟ್ ಪ್ಲಾಸ್ಟಿಕ್ ತೆಗೆದು, ಹೊಲಿಗೆ ಹಾಕಿ, ಸಂಜೆವರೆಗೂ ನೋಡಿಕೊಳ್ಳೋಕೆ ಒಬ್ಬ ವಿದ್ಯಾರ್ಥಿನಿಯನ್ನು ಬಿಟ್ಟು ಹೋದರು. ಹೆಸರು ಅತೀಯಾ. ಕೊನೇ ವರ್ಷದ ಹುಡುಗಿ. ಕನ್ನಡದಲ್ಲಿ "ಮೇವು ಹಾಕಬೇಡಿ, ನೀರು ಕೊಡಿ," ಅನ್ನುವಷ್ಟು ಕಲಿತಿದ್ದಳು. ಯಾವೂರಮ್ಮ ಅಂತ ಕೇಳಿದ್ದಕ್ಕೆ ಕಾಶ್ಮೀರ ಅಂದಳು.

ಆನಂದಪ್ಪನ ಎದೆ ತಂತಾನೇ ಮುಂದೆ ಬಂತು. ಹಳೇ ಮಿಲಿಟ್ರಿ ಹಿಂದಿ ಹೊರಗೆ ಬಂತು, ಮುಂದಿನ ಮಾತೆಲ್ಲ ಅದರಲ್ಲೇ. "ನಾನು ಆರು ವರ್ಷ ನಿಮ್ಮ ಕಡೆ ಇದ್ದೆ," ಅಂದ. ಅವಳು ಖುಷಿಪಡುತ್ತಾಳೆ ಅಂದುಕೊಂಡಿದ್ದ. ಪೆದ್ದನಾಗೋಕೆ ವಯಸ್ಸಿನ ಮಿತಿ ಇಲ್ಲ.

ಅತೀಯಾ ಡ್ರಿಪ್ ಸರಿಮಾಡುತ್ತಾ, "ಅಲ್ಲಿ ಏನ್ ಮಾಡ್ತಿದ್ರಿ ಅಂಕಲ್?" ಅಂದಳು.

ಸಾದಾ ಪ್ರಶ್ನೆ. ಶಾಲೆಯ ಭಾಷಣ ನಾಲಗೆಯ ತುದಿಯಲ್ಲೇ ಇತ್ತು. ಆದರೆ ಅದನ್ನು ಈ ಹುಡುಗಿಯ ಮುಂದೆ ಹೇಳೋಕೆ ಬಾಯಿ ಬರಲಿಲ್ಲ. ಎದುರಿಗೆ ಹೊಲಿಗೆ ಹಾಕಿಸಿಕೊಂಡ ಹಸು ನಿಂತಿತ್ತು. "ಒಂದು ಹಸು ಹೊಡೆದೆ," ಅಂದ.

ಆ ಊರಿಗೆ ಅವರು ತಪಾಸಣೆಗೆ ಹೋಗಿದ್ದದ್ದು ಒಂದು ಬೆಳಿಗ್ಗೆ, ಆರು ಗಂಟೆಗೆ. ಹಿಂದಿನ ವಾರವಷ್ಟೇ ಅವನ ಗೆಳೆಯ ಸಿದ್ರಾಮಪ್ಪ ಅದೇ ದಾರಿಯಲ್ಲಿ ನೆಲಬಾಂಬ್ ತುಳಿದು ಕಾಲು ಕಳಕೊಂಡಿದ್ದ. ಸ್ಟ್ರೆಚರಿನ ಮೇಲೆ ಮಲಗಿ, ಇಲ್ಲದ ಕಾಲಿನ ಬೂಟು ಬಿಚ್ಚು ಅಂತ ಆನಂದಪ್ಪನನ್ನೇ ಕೇಳಿದ್ದ. ಹಾಗಾಗಿ ಆವತ್ತು ಆನಂದಪ್ಪನ ಕೈಯಲ್ಲಿದ್ದದ್ದು ಬಂದೂಕು, ಮೈಯಲ್ಲಿದ್ದದ್ದು ಬರೀ ನಡುಕ. ಕಣ್ಣು ಕಾಣದಷ್ಟು ಮಂಜು. ಅಕ್ರೋಟದ ತೋಟದಲ್ಲಿ ಏನೋ ಸರಸರ ಅಂತು. ಯಾರು ಅಂತ ಕೇಳಿದ. ಕೇಳಿದೆ ಅಂತ ಅವನ ನೆನಪು. ಆಮೇಲೆ ಮೂರು ಗುಂಡು ಹಾರಿಸಿ ನೆಲಕ್ಕೆ ಮುಖ ಒತ್ತಿ ಮಲಗಿಬಿಟ್ಟ. ಮಂಜು ಸರಿದಮೇಲೆ ನೋಡಿದರೆ ಕೆಂದು ಬಣ್ಣದ ಒಂದು ಸಣ್ಣ ಹಸು. ಮನೆಯೊಳಗಿಂದ ಒಬ್ಬ ಮುದುಕಿ ಬಂದು, ಯಾರನ್ನೂ ಬೈಯದೆ, ಅದರ ಹೊಟ್ಟೆಯ ಮೇಲೆ ಕೈಯಿಟ್ಟು ಕೂತಳು.

"ಎಷ್ಟು ತಿಂಗಳ ಗಬ್ಬ?" ಅಂತ ಅತೀಯಾ ಕೇಳಿದಳು.

"ತುಂಬಿತ್ತು. ಇವತ್ತೋ ನಾಳೆಯೋ ಅನ್ನೋ ಹಾಗಿತ್ತು."

ಅವಳು ಎದುರಿಗಿದ್ದ ಹಸುವಿನ ಕಿವಿ ಮುಟ್ಟಿ ಬಿಸಿ ನೋಡಿದಳು. "ಆಮೇಲೆ?"

ಆಮೇಲಿನದನ್ನು ಅವನು ಹೆಂಡತಿಗೂ ಹೇಳಿರಲಿಲ್ಲ. ಹಾರಿದ ಗುಂಡಿಗೆ ಒಂದು ಕಾರಣ ಬರೆಯಬೇಕಿತ್ತು. ಹಸು ಅಂತ ಬರೆದರೆ ಇಡೀ ತುಕಡಿಗೆ ನಗೆಪಾಟಲು. ಅನುಮಾನದ ವ್ಯಕ್ತಿ ಈ ಮನೆಯಿಂದ ಓಡಿದ ಅಂತ ಬರೆದರು. ಬರೆದಮೇಲೆ ಮನೆಯಿಂದ ಯಾರನ್ನಾದರೂ ಕರೆದೊಯ್ಯಲೇಬೇಕಾಯಿತು. ಮುದುಕಿಯ ಅಳಿಯ ಸಿಕ್ಕ. ಬಡಗಿ. ಕಿಟಕಿಯ ಚೌಕಟ್ಟು ಮಾಡುವವನು, ತೋಳಿಗೆ ಮರದ ಹೊಟ್ಟು ಮೆತ್ತಿತ್ತು. ತೋಳು ಹಿಡಿದು ಟ್ರಕ್ಕಿಗೆ ಹತ್ತಿಸಿದ್ದು ಆನಂದಪ್ಪನೇ. ದಾರಿಯುದ್ದ ಎದುರಿಗೆ ಕೂತಿದ್ದ. ಯಾರೂ ಓಡಲಿಲ್ಲ, ತಾನು ಹೊಡೆದದ್ದು ಹಸುವನ್ನು ಅಂತ ಬಾಯಿಬಿಟ್ಟು ಹೇಳಬಹುದಿತ್ತು. ಹೇಳಲಿಲ್ಲ. ಒಂಬತ್ತು ದಿನ ಕಳೆದು ಅವನನ್ನು ಬಿಟ್ಟರು. ಚೆಕ್‌ಪೋಸ್ಟಿನಲ್ಲಿ ನಿಂತಿದ್ದ ಆನಂದಪ್ಪನ ಮುಂದೆ ಗೋಡೆ ಹಿಡಿದುಕೊಂಡು ಹಾದುಹೋಗುತ್ತಿದ್ದ. ಬಲಗೈಗೆ ಬ್ಯಾಂಡೇಜ್ ಸುತ್ತಿತ್ತು. ಇವನನ್ನು ಗುರುತು ಹಿಡಿದು ನಿಂತ. ಎಡಗೈ ಎತ್ತಿ, "ಸಲಾಂ ಸಾಬ್," ಅಂದ.

"ಉಗಿದಿದ್ರೆ ಒಳ್ಳೇದಿತ್ತು," ಅಂದ ಆನಂದಪ್ಪ.

"ಉಗಿಯೋಕಾಗುತ್ತಾ ಅಂಕಲ್?" ಅಂದಳು ಅತೀಯಾ. ಕೋಪದಿಂದ ಹೇಳಲಿಲ್ಲ, ಗೊತ್ತಿಲ್ಲದವರಿಗೆ ತಿಳಿಸುವ ಹಾಗೆ ಹೇಳಿದಳು. "ನಮ್ಮನೆಗೂ ತಪಾಸಣೆಗೆ ಬರೋರು. ಬರ್ತಾರೆ ಅಂತ ಗೊತ್ತಾದ್ರೆ ಅಮ್ಮ ಟ್ರಂಕಿನ ಬೀಗ ಮೊದಲೇ ತೆಗೆದಿಡ್ತಿದ್ಲು. ಒಡೆಯದೇ ಇರ್ಲಿ ಅಂತ. ಆ ಕಡೆಯ ಮಿಲಿಟೆಂಟ್‌ಗಳು ಬಂದು ಊಟ ಕೇಳಿದ್ರೂ ಇಲ್ಲ ಅನ್ನೋ ಹಾಗಿರ್ಲಿಲ್ಲ. ಅವರಿಗೂ ಬಂದೂಕಿತ್ತಲ್ಲ."

ಸಂಜೆ ಹಸು ಮೆಲುಕು ಹಾಕಿತು. ಹೊರಡುವ ಮುಂಚೆ ಆನಂದಪ್ಪ ಧೈರ್ಯ ಮಾಡಿ ಕೇಳಿದ: "ಊರಿನ ಹೆಸರು ನೆನಪಿದೆ. ಉರ್ದುವಿನಲ್ಲಿ ಒಂದು ಕಾಗದ ಬರ್ಕೊಡ್ತೀಯಾ ಅಮ್ಮ? ತಪ್ಪಾಯ್ತು ಅಂತ."

ಅತೀಯಾ ಗ್ಲೌಸ್ ಬಿಚ್ಚುತ್ತಾ ಯೋಚಿಸಿದಳು. "ಬರ್ಕೊಡ್ತೀನಿ. ಆದ್ರೆ ಇಷ್ಟು ವರ್ಷ ಆದ್ಮೇಲೆ ಮಿಲಿಟ್ರಿಯವರಿಂದ ಕಾಗದ ಬಂತು ಅಂದ್ರೆ ಆ ಮನೆಯೋರು ಅದನ್ನ ತೆಗೀತಾರಾ? ಹೆಸರು ಮತ್ತೆ ಯಾವ ಪಟ್ಟಿಗೆ ಸೇರ್ತು ಅಂತ ಒಂದು ತಿಂಗಳು ನಿದ್ದೆ ಮಾಡಲ್ಲ."

ಆನಂದಪ್ಪ ಕಾಗದದ ಆಸೆ ಬಿಟ್ಟ. ತಪ್ಪೊಪ್ಪಿಕೊಂಡು ಹಗುರಾಗೋಣ ಅಂತ ಹೊರಟರೆ ಅದರಲ್ಲೂ ಆ ಬಡಗಿಯನ್ನೇ ಇನ್ನೊಮ್ಮೆ ನಡುಗಿಸುವಂಥ ಗಿರಾಕಿ ತಾನು ಅಂತ, ಟೆಂಪೋದಲ್ಲಿ ಯಲಹಂಕ ದಾಟುವವರೆಗೂ ತನ್ನನ್ನು ತಾನೇ ಬೈದುಕೊಂಡ.

ಆಗಸ್ಟ್ ಹದಿನೈದು ಬಂತು. ಬಾವುಟ ಏರಿತು, ಶಾಲು ಬಂತು, ಮೈಕು ಬಂತು. ಆನಂದಪ್ಪ ಗಂಟಲು ಸರಿಮಾಡಿಕೊಂಡು, "ಮಕ್ಕಳೇ, ನಾನು ಹೊಡೆದಿದ್ದು ಒಂದು ಹಸು," ಅಂದ. ಮಕ್ಕಳು ನಕ್ಕರು. ಪಂಚಾಯ್ತಿಯ ಮಾಜಿ ಮೆಂಬರ್ ಮುನೀಂದ್ರ ನಗಲಿಲ್ಲ. ಆನಂದಪ್ಪ ನೆಲಬಾಂಬು, ಮಂಜು, ಬಡಗಿ ಎಲ್ಲ ಹೇಳಿದ. ಚೆನ್ನಾಗೇನೂ ಹೇಳಲಿಲ್ಲ, ನಡುವೆ ಎರಡು ಸಲ ಮರೆತ. ಬಡಗಿಯ ಮಾತಿಗೆ ಬರೋ ಹೊತ್ತಿಗೆ ಮುನೀಂದ್ರ ಎದ್ದು ನಿಂತಿದ್ದ.

"ಏನ್ ಆನಂದಪ್ಪ, ಗಬ್ಬದ ಅಸು ಒಡ್ದು ಬಂದು ಇಷ್ಟ್ ವರ್ಸ ನಮ್ ಕೈಲಿ ಸಾಲು ಒದಿಸ್ಕೊಂಡ್ಯಾ? ಪಾಪ ಅಲ್ವಾ ಅದು?"

ಮನುಷ್ಯರನ್ನು ಕೊಂದವನು ಅಂತ ಹದಿನೆಂಟು ವರ್ಷ ಹೂವಿನ ಹಾರ ಹಾಕಿದ ಊರು ಒಂದೇ ವಾರದಲ್ಲಿ ಅವನಿಗೆ ಪ್ರಾಯಶ್ಚಿತ್ತ ಗೊತ್ತುಮಾಡಿತು. ದೇವಸ್ಥಾನದಲ್ಲಿ ಪಂಚಗವ್ಯ ಕುಡಿಸಿದರು. ಮುಖ ಹಿಂಡಿಕೊಂಡು ಕುಡಿದ. ಹದಿನೇಳು ವರ್ಷದ ಸೇವೆಗೆ ತನಗೆ ಸಿಕ್ಕ ನಿಜವಾದ ಶಿಕ್ಷೆ ಇದೊಂದೇ, ಅದೂ ಅರ್ಧ ಲೋಟ ಅಂದುಕೊಂಡ. ಬಡಗಿಯ ಬಗ್ಗೆ ಯಾರೂ ಪ್ರಾಯಶ್ಚಿತ್ತ ಕೇಳಲಿಲ್ಲ. ಈ ವರ್ಷ ಮೈಕು ಬ್ಯಾಂಕಿನ ಮ್ಯಾನೇಜರಿಗೆ ಹೋಯಿತು. ಆನಂದಪ್ಪ ಹಿಂದಿನ ಸಾಲಿನಲ್ಲಿ ನಿಂತು ಚಪ್ಪಾಳೆ ತಟ್ಟಿದ.

ಕಾರ್ಯಕ್ರಮ ಮುಗಿದಮೇಲೆ ಬಿಸಿಯೂಟದ ಅಂಜನಮ್ಮ ಎಲ್ಲರಿಗೂ ಕೇಸರಿಬಾತ್ ಹಂಚುತ್ತಿದ್ದಳು. ಇವನ ತಟ್ಟೆಗೆ ಹಾಕುವಾಗ ಸೌಟು ತಡೆದು ಹಿಡಿದಳು.

"ಓದ್ವರ್ಸ ಏಳಿದ್ಯಲ್ಲ ಆನಂದಣ್ಣ, ಆ ಬಡಗಿ. ಅವ್ನ ಕೈ ಸರೋಯ್ತಾ? ಆಮೇಕೆ ಕೆಲ್ಸ ಮಾಡಿದ್ನಾ?"

ಈ ಒಂದು ವರ್ಷದಲ್ಲಿ ಊರಲ್ಲಿ ಅದನ್ನು ಕೇಳಿದವಳು ಅವಳೊಬ್ಬಳೇ.

"ಗೊತ್ತಿಲ್ಲ ಅಂಜನಕ್ಕ."

"ಅಲ್ಲೇ ಇದ್ದೆ ತಾನೆ? ಇಚಾರಿಸ್ಲಿಲ್ವಾ?"

"ಇನ್ನೂ ಎರಡು ವರ್ಷ ಅದೇ ರಸ್ತೇಲಿ ಡ್ಯೂಟಿ ಮಾಡ್ದೆ. ಆ ಮನೆ ಹತ್ರ ಬಂದಾಗೆಲ್ಲ ಈ ಕಡೆ ಮುಖ ತಿರುಗಿಸ್ಕೊಂಡು ನಡೀತಿದ್ದೆ."

ಅಂಜನಮ್ಮ ಅವನ ಮುಖ ನೋಡಿದಳು, ತಟ್ಟೆಗೆ ಹಾಕಿದಳು, ಮುಂದಿನವರ ಕಡೆ ಹೋದಳು.