ವೀರಗಲ್ಲಿಗೆ ಹೂ ಕೇಳಿದ್ದು

ಹಳೇ ಕಲ್ಲುಗಳ ಬಗ್ಗೆ ಟಿ.ವಿ.ಯಲ್ಲಿ ಮಾತಾಡುವುದು ನನ್ನ ಹೊಟ್ಟೆಪಾಡು. ಓದಿದ್ದು ಪುರಾತತ್ವ, ಸಂಬಳ ಕೊಡುವುದು ಚಾನೆಲ್. ಆ ವರ್ಷ ನನ್ನ ಕಾರ್ಯಕ್ರಮ ನೋಡುವವರು ಎಷ್ಟು ಕಡಿಮೆಯಾಗಿದ್ದರೆಂದರೆ, ನನ್ನ ಹೆಂಡತಿಯೇ ಆ ಹೊತ್ತಿಗೆ ಧಾರಾವಾಹಿ ಹಾಕಿಕೊಳ್ಳುತ್ತಿದ್ದಳು. ಕೊಳ್ಳೇಗಾಲದ ಹೋಟೆಲಿನಲ್ಲಿ ಇಡ್ಲಿ ತಿನ್ನುತ್ತಾ ನಿರ್ಮಾಪಕರು, ಇದನ್ನೂ ಯಾರೂ ನೋಡದಿದ್ದರೆ ಇದೇ ಕೊನೇ ಕಂತು ಎಂದು ಹೇಳಿ, ಇನ್ನೊಂದಿಷ್ಟು ಚಟ್ನಿ ಹಾಕಿಸಿಕೊಂಡರು.

ಹೋಗಿದ್ದು ಬಂಡಳ್ಳಿ ಕಡೆಯ ಒಂದು ಊರಿಗೆ. ಹೊಲದ ಅಂಚಿನಲ್ಲಿ ವೀರಗಲ್ಲು. ಕಳ್ಳರಿಂದ ದನ ಬಿಡಿಸಲು ಹೋಗಿ ಸತ್ತವನೊಬ್ಬನ ನೆನಪಿಗೆ ನೆಟ್ಟಿದ್ದು. ಅದರ ಮೇಲೆ ಅವನ ಹೆಸರಿರಬೇಕು. ಊರವರು ತಲೆತಲಾಂತರದಿಂದ ಎಣ್ಣೆ, ಅರಿಸಿನ ಬಳಿದು ಬಳಿದು ಅಕ್ಷರಗಳ ಮೇಲೆ ಬೆರಳು ದಪ್ಪದ ಜಿಡ್ಡು ಕೂತಿತ್ತು. ತೊಳೆದು ಓದಿದರೆ, ಇಷ್ಟು ಶತಮಾನಗಳಾದ ಮೇಲೆ ಆ ಹೆಸರನ್ನು ನಾಡಿಗೆಲ್ಲ ಕೇಳಿಸಬಹುದು. ನನಗೆ ಇದ್ದದ್ದು ಅದೊಂದೇ ಆಸೆ.

ತೊಳೆಯಬೇಕಾದರೆ ಮೊದಲು ಹೂ ಕೇಳಬೇಕು ಎಂದರು ಅಲ್ಲಿನ ಪೂಜಾರಿ. ಕಲ್ಲಿನ ಎರಡೂ ಪಕ್ಕ ಒದ್ದೆ ಹೂ ಅಂಟಿಸಿ, ವಿಷಯ ಅರಿಕೆ ಮಾಡಿ ಕಾಯುವುದು. ಬಲಗಡೆಯದು ಬಿದ್ದರೆ ಒಪ್ಪಿಗೆ, ಎಡಗಡೆಯದು ಬಿದ್ದರೆ ಇಲ್ಲ. ಎಷ್ಟು ಹೊತ್ತು ಕಾದರೂ ಯಾವುದೂ ಬೀಳಲಿಲ್ಲ. ಜಿಡ್ಡಿಗೆ ಹಿಡಿದುಕೊಂಡಿದೆ, ಇನ್ನೆಲ್ಲಿ ಬೀಳುತ್ತದೆ ಎಂದು ಗೊಣಗಿದೆ. ಪೂಜಾರಿ ಬೇಜಾರು ಮಾಡಿಕೊಳ್ಳಲಿಲ್ಲ.

"ನೀವ್ ಕೇಳಿದ್ದು ಅವನ್ಗೆ ಇಷ್ಟ ಇಲ್ಲ ಕಣ್ ಸಾ. ಬ್ಯಾರೇದೇನಾರ ಕೇಳಿ" ಎಂದರು.

ನನಗೆ ಬೇರೇನೂ ಬೇಕಿರಲಿಲ್ಲ. ಊರವರಿಗೆ ಬೇಕಿತ್ತು. ಹನೂರಿನ ಬಸ್ಸು ಊರೊಳಕ್ಕೆ ಬರುತ್ತದಾ ಎಂದು ಒಬ್ಬಳು ಅಜ್ಜಿ ಕೇಳಿದಳು. ತಕ್ಷಣ ಬಲಗಡೆಯ ಹೂ ಉದುರಿತು. ಜನ ಸಾಲುಗಟ್ಟಿದರು. ಬೋರ್‌ವೆಲ್, ಮಗಳ ಮದುವೆ, ಕಳೆದುಹೋದ ಮೇಕೆ, ಎಲ್ಲಕ್ಕೂ ಪಟಪಟ ಉತ್ತರ ಬಂತು. ನಡುನಡುವೆ ನಾನೂ ನನ್ನ ಪ್ರಶ್ನೆ ತೂರಿಸಿದೆ. ಆಗ ಮಾತ್ರ ಹೂ ಅಲ್ಲಾಡುತ್ತಿರಲಿಲ್ಲ. ಸತ್ತವನ ಮೇಲೆ ನನಗೆ ನಿಜವಾಗಿಯೂ ಸಿಟ್ಟು ಬಂತು. ನಿನ್ನ ಒಳ್ಳೆಯದಕ್ಕೇ ಅಲ್ಲವೇನಯ್ಯಾ ನಾನು ಬಂದಿರುವುದು ಎಂದು ಕಲ್ಲಿನ ಜೊತೆ ಜಗಳಕ್ಕೆ ನಿಂತೆ. ಕ್ಯಾಮೆರಾ ಎಲ್ಲವನ್ನೂ ಹಿಡಿಯಿತು.

ಹಾಗೇ ಪ್ರಸಾರವೂ ಆಯಿತು. ನಾಡೆಲ್ಲ ಬಿದ್ದು ಬಿದ್ದು ನೋಡಿತು. ಕಾರ್ಯಕ್ರಮ ಉಳಿಯಿತು, ಚಾನೆಲ್ಲಿನವರ ಷರತ್ತು ಒಂದೇ, ಇನ್ನು ಪ್ರತಿ ಕಂತಿನಲ್ಲೂ ಹೂ ಬೇಕು.

ಮುಂದಿನದು ಯಳಂದೂರು ಕಡೆಯ ವೀರಗಲ್ಲು. ಯಾರ ಪೂಜೆಯೂ ಇಲ್ಲದೆ ಬಯಲಲ್ಲಿ ನಿಂತಿತ್ತು; ಮಳೆ ತೊಳೆದು ತೊಳೆದು ಅಕ್ಷರಗಳು ಸ್ಪಷ್ಟವಾಗಿದ್ದವು. ಹೋದವನೇ ಸತ್ತವನ ಹೆಸರು ಓದಿ ಖುಷಿಯಿಂದ ಕುಣಿದಾಡಿದೆ. ಕ್ಯಾಮೆರಾ ಇನ್ನೂ ವ್ಯಾನಿನಲ್ಲಿತ್ತು. ನಿರ್ಮಾಪಕರು ಕೊಳ್ಳೇಗಾಲದಿಂದ ತಂದ ಸೇವಂತಿಗೆ ಬುಟ್ಟಿ ಇಳಿಸಿದರು. ಒಣಕಲ್ಲಿಗೆ ಹೂ ಅಂಟಲಿಲ್ಲ. ನಾನು ಬೇಡ ಬೇಡ ಎನ್ನುತ್ತಿದ್ದ ಹಾಗೆಯೇ ಕಲ್ಲಿನ ತಲೆಗೆ ಎಣ್ಣೆ ಸುರಿಸಿ, ಮೇಲೆ ಅರಿಸಿನ ಬಳಿಸಿದರು. ದಾರಿಯಲ್ಲಿ ಹೋಗುತ್ತಿದ್ದವರು ಚಪ್ಪಲಿ ಬಿಟ್ಟು ಬಂದು ನಿಂತರು. ನಾನು ಓದಿದ್ದ ಹೆಸರಿನ ಮೇಲೆ ಹಳದಿ ಜಿಡ್ಡು ಮೆಲ್ಲಗೆ ಇಳಿಯಿತು. ಕ್ಯಾಮೆರಾ ಶುರುವಾದ ಮೇಲೆ ಆ ಹೆಸರನ್ನಾದರೂ ಹೇಳೋಣವೆಂದು ಬಾಯಿ ತೆರೆದೆ. ಹೂ ಬೀಳುವ ತನಕ ಮಾತಾಡಬೇಡಿ ಎಂದು ನಿರ್ಮಾಪಕರು ಸನ್ನೆ ಮಾಡಿದರು. ನಾನು ಕೈ ಮುಗಿದುಕೊಂಡು ನಿಂತೆ.