ನಡುಹಗಲ ಕೌದಿ

ಯರಗುಪ್ಪಿಯ ಕುಬೇರಪ್ಪನ ಹತ್ತಿಹೊಲದ ಬದುವಿನಲ್ಲಿ, ಊಟ ಮುಗಿಸಿದ ಫಕೀರವ್ವ ಬ್ಲೇಡು ಹಿಡಿದು ಕೌದಿಯ ಹೊಲಿಗೆ ಬಿಚ್ಚುತ್ತಿದ್ದಳು. ಅದು ೧೯೮೪ರ ಸೆಪ್ಟೆಂಬರ್.

ಹಳೆಯ ಸೀರೆಗಳನ್ನು ಪದರಪದರವಾಗಿ ಹಾಸಿ, ನಾಲ್ವರು ನಾಲ್ಕು ಅಂಚಿಗೆ ಕೂತು ನಡುವಿನತ್ತ ಹೊಲಿಯುತ್ತ ಬರುವುದು ಅವಳು ಬಲ್ಲ ಪದ್ಧತಿ. ಮಧ್ಯಾಹ್ನ ಮೂರರ ಮೇಲೆ ಓಣಿಯ ಹೆಂಗಸರು ಅವಳ ಕಟ್ಟೆಯಲ್ಲಿ ಸೇರುತ್ತಿದ್ದರು. ಊರಿಗೆ ಎರಡು ತಳಿ ಕೂಡಿಸಿ ಬಿತ್ತನೆಗೆಂದು ಬೆಳೆಯುವ ಬೀಜದ ಹತ್ತಿ ಬಂದಮೇಲೆ ಅದು ನಿಂತಿತು. ಈಗ ಮುಂಜಾನೆ ಹೂವಿಗೆ ಹೂವು ಮುಟ್ಟಿಸಬೇಕು. ಮೂರರಿಂದ ಹೊತ್ತು ಮುಳುಗುವವರೆಗೆ, ನಾಳೆ ಅರಳುವ ಮೊಗ್ಗುಗಳ ಕೇಸರ ಕಿತ್ತು ಗುರುತಿಗೆ ಕೆಂಪು ಕಾಗದ ಸುತ್ತಬೇಕು. ನಡುವಿನ ಎರಡು ತಾಸಿಗೆ ಕೂಲಿಯಿಲ್ಲ.

ಜೊತೆಗೆ ದುಡಿಯುವ ಬಸವಣ್ಣೆವ್ವನ ಮಗಳು ಹದಿನೈದು ದಿನದಲ್ಲಿ ಕೂಸಿನೊಂದಿಗೆ ಗಂಡನ ಮನೆಗೆ ಹೊರಡುವವಳು. ಅಷ್ಟರೊಳಗೆ ಕೌದಿ ಆಗಬೇಕೆಂದು ಅದನ್ನು ನಾಲ್ಕು ತುಂಡು ಮಾಡಿ, ತಂತಮ್ಮ ಮನೆಯಲ್ಲೇ ಹೊಲಿದಿದ್ದರು. ಕೂಡಿಸಿದಾಗ ಒಬ್ಬಳ ಹೊಲಿಗೆ ಬಿಗಿ, ಇನ್ನೊಬ್ಬಳದು ಸಡಿಲ. ನಡುವೆ ಹಪ್ಪಳದಂತೆ ಉಬ್ಬಿತು. ಒಬ್ಬರ ಬಾಜೂಕ ಒಬ್ಬರು ಕೂತರಷ್ಟೇ ಕೈಗೆ ಕೈ ಹೊಂದುತ್ತದೆ ಎಂದ ಫಕೀರವ್ವ, ಬಿಚ್ಚಿ ಮತ್ತೆ ಹೊಲಿಯಲು ಎಲ್ಲವನ್ನೂ ಹೊಲಕ್ಕೇ ಹೊತ್ತು ತಂದಿದ್ದಳು.

ಕುಬೇರಪ್ಪ ಬಂದು ನೋಡಿದ. ಖಾಲಿ ಕೂಡುವ ಬದಲು ಕೆಂಪು ಕಾಗದ ಕತ್ತರಿಸಿರಿ ಎಂದ.

"ಕೌದಿ ಹೊಲಿಯಾಕ ಕರದೇನಬೇ ನಿಮ್ಮನ್ನ?"

"ಈ ಎರಡು ತಾಸಿಂದು ನೀವು ಪಗಾರ ಕೊಡೂದಿಲ್ರಿ," ಎಂದಳು ಫಕೀರವ್ವ, ಬ್ಲೇಡು ನಿಲ್ಲಿಸದೆ. "ಕೊಡದ ಹೊತ್ತು ನಮ್ಮದು."

ಕೌದಿ ಬಿಡು, ಇಲ್ಲವೇ ಹೊಲ ಬಿಡು ಎಂದ ಅವನು. ಅವಳು ಕೌದಿ ಮಡಚಿ ತಲೆಯ ಮೇಲಿಟ್ಟಳು. ಬಸವಣ್ಣೆವ್ವ ಬುಟ್ಟಿ ಎತ್ತಿಕೊಂಡಳು. ಉಳಿದ ಒಂಬತ್ತು ಹೆಂಗಸರೂ ಬದು ಹಿಡಿದು ಹಿಂದೆ ನಡೆದರು. ನಾಳೆ ತಾವಾಗಿಯೇ ಬರ್ತಾರ ಎಂದು ಕುಬೇರಪ್ಪ ಆಳಿಗೆ ಹೇಳಿದ್ದು ಅವರಿಗೂ ಕೇಳಿಸಿತು.

ಆ ಸಂಜೆ ಮೊಗ್ಗುಗಳನ್ನು ಯಾರೂ ಮುಟ್ಟಲಿಲ್ಲ. ಮರುದಿನ ಅವೆಲ್ಲ ತಾವೇ ಬೆಳ್ಳಗೆ ಅರಳಿದವು. ಹಾಗೆ ತನ್ನದೇ ಪರಾಗ ತಾಗಿ ಅರಳಿದ ಹೂವು ಬೀಜದ ಹತ್ತಿಗೆ ಬಾರದು, ಕಿತ್ತು ಚೆಲ್ಲಬೇಕು. ಪಕ್ಕದೂರಿಂದ ಅವನು ಕರೆಸಿದ ಹೊಸಬರ ಉಗುರಿಗೆ ಮೊಗ್ಗುಗಳೇ ಮುರಿದವು. ಮೂರನೆಯ ದಿನ ಕುಬೇರಪ್ಪ ಫಕೀರವ್ವನ ಕಟ್ಟೆಗೆ ಬಂದ. ಕಾಗದದ ಮಾತು ಎತ್ತಲಿಲ್ಲ. ಕೆಲಸಕ್ಕೆ ಬರ್ರಿ ಎಂದಷ್ಟೇ ಹೇಳಿದ.

"ಮುಂಜಾನಿ ಬರ್ತೇವ್ರಿ," ಎಂದಳು ಅವಳು. "ಕೌದಿನೂ ಬರ್ತೈತಿ."

ಮಗಳು ಹೊರಡುವ ಹಿಂದಿನ ಮಧ್ಯಾಹ್ನ ಹೊಲದಲ್ಲೇ ಕೊನೆಯ ಹೊಲಿಗೆ ಬಿತ್ತು. ಮರುದಿನ ಊಟವಾದಮೇಲೆ ಅವರು ಎರಡನೆಯ ಕೌದಿ ಹಾಸಿದರು.